ಕ್ಲಿಮೆಶ್ ಅವರ ಕಣ್ಣೀರಿನ ವಿಚಾರ

ಈ ಸನ್ಮಾನ ಸಮಾರಂಭದ ಅಧ್ಯಕ್ಷರೂ ನಮ್ಮ ಹ್ರಾದೆಚ್ನಾ ಊರಿನ ಪುರಾಧ್ಯಕ್ಷರೂ ಆದ ಸನ್ಮಾನ್ಯ ಶ್ಟೆಪಾನೆಕ್ ಅವರೇ, ಪ್ರಾಗ್‌ನಿಂದ ಎರಡು ರೈಲು ಬದಲಿಸಿ ಬಂದಿರುವ ಚಿತ್ರರಂಗದ ಗಣ್ಯರೇ, ಬಾಲ್ಕನಿಯಲ್ಲಿ ಕೂತು ನನ್ನ ಮಾತು ಯಾವಾಗ ಮುಗಿಯುತ್ತದೋ ಎಂದು ತುತ್ತೂರಿ ಒರೆಸುತ್ತಿರುವ ಅಗ್ನಿಶಾಮಕ ದಳದ ಬ್ಯಾಂಡಿನವರೇ, ಇಂದು ಎಂಬತ್ತು ತುಂಬಿ ನಮ್ಮ ಊರಿನ ಗೌರವ ಪೌರರಾಗುತ್ತಿರುವ ನಟ ಲುಬೋರ್ ಕ್ಲಿಮೆಶ್ ಅವರೇ, ಹಾಗೂ ಈ ಚಳಿಯಲ್ಲೂ ಸಭಾಭವನ ತುಂಬಿಸಿರುವ ನನ್ನ ನೆಚ್ಚಿನ ಸಭಿಕರೇ,

ನಾನು ಭಾಷಣಗಾರ್ತಿಯಲ್ಲ. ಆಹ್ವಾನಪತ್ರಿಕೆಯಲ್ಲಿ ನನ್ನ ಹೆಸರಿನ ಪಕ್ಕ ‘ರಂಗಪರಿಕರ ತಜ್ಞೆ’ ಎಂದು ಅಚ್ಚು ಹಾಕಿಸಿದ್ದಾರೆ. ಓದಿ ನನಗೇ ನಗು ಬಂತು. ನಮ್ಮ ಊರಿನ ನಾಟಕಶಾಲೆಯಲ್ಲಿ ನಲವತ್ತು ವರ್ಷ ನನ್ನನ್ನು ಎಲ್ಲರೂ ಕರೆದದ್ದು ‘ಸಾಮಾನಿನ ಯಾರ್ಮಿಲಾ’ ಎಂದೇ. ರಾಜನಿಗೆ ಕತ್ತಿ, ಪ್ರೇಮಿಗೆ ಪತ್ರ, ಕಳ್ಳನಿಗೆ ಕೀಲಿಕೈ, ಎಲ್ಲ ಕೊಟ್ಟವಳು ನಾನು. ರಂಗದ ಮೇಲೆ ತಿನ್ನುವ ಕುಡಿಯುವ ಪಾತ್ರ ಇದ್ದರೆ ಅಡುಗೆಯೂ ನನ್ನದೇ. ಆದ್ದರಿಂದ ಬೇರೆ ಭಾಷಣಕಾರರು ಕ್ಲಿಮೆಶ್ ಅವರ ಕಲೆಯ ಬಗ್ಗೆ ಮಾತಾಡಲಿ. ನಾನು ಅವರ ಹೊಟ್ಟೆಯ ಬಗ್ಗೆ ಅಧಿಕಾರದಿಂದ ಮಾತಾಡಬಲ್ಲೆ.

ನನಗೆ ಏಳು ನಿಮಿಷ ಕೊಟ್ಟಿದ್ದಾರೆ. ಸಂಸ್ಕೃತಿ ವಿಭಾಗದ ಹುಡುಗಿ ಒಂದು ಕಾಗದವನ್ನೂ ಕೊಟ್ಟಿದ್ದಾಳೆ. ಚೆನ್ನಾಗಿಯೇ ಬರೆದಿದ್ದಾಳೆ, ಪಾಪ. ಅದನ್ನು ಮಡಚಿ ಚೀಲದಲ್ಲಿ ಇಟ್ಟಿದ್ದೇನೆ. ಏಕೆಂದರೆ ನಾನು ಇಂದು ಇಲ್ಲಿ ಬಂದದ್ದು ಹೊಗಳುವುದಕ್ಕಲ್ಲ. ಒಂದು ಅಪವಾದ ತೊಳೆಯುವುದಕ್ಕೆ. ಕಳೆದ ತಿಂಗಳು ಪುರಸಭೆಯಲ್ಲಿ ಈ ಗೌರವದ ವಿಷಯ ಬಂದಾಗ ಇಬ್ಬರು ಕೈ ಎತ್ತಿ ಬೇಡ ಎಂದರಂತೆ. ಯಾಕಂತೆ? ‘ಸ್ವಂತ ಹೆಂಡತಿ ಸತ್ತಾಗ ಒಂದು ಹನಿ ಕಣ್ಣೀರು ಹಾಕದ ಮನುಷ್ಯ’ ಅಂತೆ! ಸಭಿಕರೇ, ಆ ಇಬ್ಬರು ಬಾಯಿಬಿಟ್ಟು ಹೇಳಿದರು, ಅಷ್ಟೇ. ಹನ್ನೊಂದು ವರ್ಷದಿಂದ ಈ ಮಾತನ್ನು ಬೇಕರಿಯಲ್ಲಿ, ಬಸ್ ನಿಲ್ದಾಣದಲ್ಲಿ, ದಂತವೈದ್ಯರ ಬಾಗಿಲಲ್ಲಿ ನಾನು ಕೇಳಿದ್ದೇನೆ. ಹೇಳಿದವರು ಇಲ್ಲಿಯೇ ಕೂತಿದ್ದೀರಿ. ಗಾಬರಿಯಾಗಬೇಡಿ, ಹೆಸರು ಹೇಳುವುದಿಲ್ಲ. ಒಬ್ಬರನ್ನು ಬಿಟ್ಟು.

ಕ್ಲಿಮೆಶ್ ಅವರು ಮೊದಲನೇ ಸಾಲಿನಿಂದ ನನಗೆ ಕೈಸನ್ನೆ ಮಾಡುತ್ತಿದ್ದಾರೆ. ಬೇಡ ಅನ್ನುತ್ತಿದ್ದಾರೆ. ಮೂವತ್ತೆರಡು ವರ್ಷದ ಹಿಂದೆ ನನ್ನಿಂದ ಒಂದು ಆಣೆ ಮಾಡಿಸಿಕೊಂಡಿದ್ದರು, ನಾಟಕಶಾಲೆಯ ಪರದೆಯ ಮೇಲೆ ಕೈ ಇಡಿಸಿ. ಆ ಪರದೆಯನ್ನು ಹೋದ ವರ್ಷ ಬಿಚ್ಚಿ ಬಿಸಾಕಿದರಲ್ಲ, ಲುಬೋರ್? ಇನ್ನು ಆಣೆ ಎಲ್ಲಿಂದ ಬಂತು? ಸುಮ್ಮನೆ ಕೂತ್ಕೊಳ್ಳಿ.

ಇವರು ನಾಟಕಶಾಲೆಗೆ ಸೇರಿದ್ದು ಅರವತ್ತನೇ ಇಸವಿಯಲ್ಲಿ. ಪಕ್ಕದ ಹಳ್ಳಿಯ ಕ್ಷೌರಿಕನ ಮಗ. ಮೊದಲ ಪಾತ್ರ ಕುದುರೆ. ಪೂರ್ತಿ ಕುದುರೆಯಲ್ಲ, ಹಿಂದಿನ ಅರ್ಧ. ನಗಬೇಡಿ, ಮುಂದಿನ ಅರ್ಧ ಯಾರು ಎಂದು ಈಗ ಯಾರಿಗೂ ನೆನಪಿಲ್ಲ, ಹಿಂದಿನ ಅರ್ಧಕ್ಕೆ ಇಲ್ಲಿ ಸನ್ಮಾನ ನಡೆಯುತ್ತಿದೆ. ಆಮೇಲೆ ಮಾಣಿ, ಪೊಲೀಸು, ಹೋಟೆಲು ಯಜಮಾನ, ಪಾದ್ರಿ, ಬೇಟೆಕಾಡಿನ ಕಾವಲುಗಾರ. ನಲವತ್ತಾರು ವರ್ಷದಲ್ಲಿ ಒಮ್ಮೆಯೂ ನಾಯಕನಾಗಲಿಲ್ಲ, ಒಮ್ಮೆಯೂ ಯಾರಿಗೂ ಮುತ್ತು ಕೊಡಲಿಲ್ಲ. ಆದರೆ ಬೆನ್ನು ತಿರುಗಿಸಿ ನಿಂತೇ ಜನರನ್ನು ನಗಿಸಬಲ್ಲ ನಟರನ್ನು ನೀವು ಎಷ್ಟು ಮಂದಿ ನೋಡಿದ್ದೀರಿ? ನಾಯಕ ಪ್ರಾಣ ಬಿಡುತ್ತಿರುತ್ತಾನೆ, ಹಿಂದೆ ಮೂಲೆಯಲ್ಲಿ ಇವರು ಸುಮ್ಮನೆ ಸಾಸೇಜು ತಿನ್ನುತ್ತಿರುತ್ತಾರೆ, ಜನ ನೋಡುವುದು ಸಾಸೇಜನ್ನು. ನಾಯಕರು ಬಂದು ನನ್ನ ಹತ್ತಿರ ಜಗಳ ಆಡುತ್ತಿದ್ದರು. ‘ಯಾರ್ಮಿಲಾ, ಆ ದಡಿಯನಿಗೆ ಇನ್ಮೇಲೆ ತಿನ್ನೋಕೆ ಏನೂ ಕೊಡ್ಬೇಡಮ್ಮಾ, ನಾನು ಸಾಯ್ತಾ ಇರ್ತೀನಿ ಅಲ್ಲಿ!’

ಹೀಗಿರುವಾಗ ಎಂಬತ್ನಾಲ್ಕರ ವಸಂತಕಾಲ ಬಂತು. ಒಂದು ಹಾಸ್ಯನಾಟಕ ಎರಡು ವರ್ಷ ಓಡಿ ಅವತ್ತು ಕೊನೆಯ ಪ್ರಯೋಗ. ಕೊನೆಯ ಪ್ರಯೋಗದ ದಿನ ಒಬ್ಬರಿಗೊಬ್ಬರು ಕೀಟಲೆ ಮಾಡದಿದ್ದರೆ ಅದನ್ನು ನಮ್ಮಲ್ಲಿ ನಾಟಕಶಾಲೆ ಎಂದು ಯಾರು ಕರೆಯುತ್ತಾರೆ? ಪತ್ರದಲ್ಲಿ ಬೈಗುಳ ಬರೆದಿಡುವುದು, ಟೋಪಿಯೊಳಗೆ ಕಪ್ಪೆ ಇಡುವುದು, ನೆಲಕ್ಕೆ ಬೂಟು ಮೊಳೆ ಹೊಡೆದಿಡುವುದು. ಪ್ರೇಕ್ಷಕರಿಗೆ ತಿಳಿಯಬಾರದು, ಆದರೆ ರಂಗದ ಮೇಲಿರುವವನು ನಕ್ಕು ಕೆಡಬೇಕು, ಅಂದರೆ ನಗು ತಡೆಯಲಾಗದೆ ಪಾತ್ರ ಮರೆಯಬೇಕು. ಎಲ್ಲರೂ ಕೆಡುತ್ತಿದ್ದರು. ಕ್ಲಿಮೆಶ್ ಒಬ್ಬರೇ ಕೆಡುತ್ತಿರಲಿಲ್ಲ. ಇಪ್ಪತ್ನಾಲ್ಕು ವರ್ಷ ಯಾರಿಂದಲೂ ಆಗಿರಲಿಲ್ಲ. ನನಗೆ ಹಟ ಹುಟ್ಟಿತು.

ನಾಟಕದ ಕೊನೆಯಲ್ಲಿ ಇವರು ಕಾವಲುಗಾರ. ಯಜಮಾನ ಬಂದು ‘ನಾಳೆಯಿಂದ ಕೆಲಸಕ್ಕೆ ಬರಬೇಡ, ಮನೆ ಖಾಲಿ ಮಾಡು’ ಎಂದು ಕೂಗಾಡುತ್ತಾನೆ. ಕಾವಲುಗಾರ ಉತ್ತರ ಕೊಡದೆ ತಟ್ಟೆಯಲ್ಲಿರುವ ಆರು ಪ್ಲಮ್ ಕಡುಬು ತಿನ್ನುತ್ತಲೇ ಇರುತ್ತಾನೆ. ಒಂದು, ಎರಡು, ಮೂರು ಅಂತ ಪ್ರೇಕ್ಷಕರೇ ಎಣಿಸಿ ನಗುತ್ತಿದ್ದರು. ಅವತ್ತು ನಾನು ನಾಲ್ಕು ಕಡುಬಿನಿಂದ ಪ್ಲಮ್ ತೆಗೆದು, ಆಗತಾನೇ ತುರಿದ ಖಾರಮೂಲಂಗಿ ಬೇರು ತುಂಬಿದೆ. ನನ್ನ ತೋಟದ ಬೇಲಿಯ ಹಿಂದೆ ಬೆಳೆದದ್ದು. ಹಂದಿಮಾಂಸದ ಜೊತೆ ಚಿಟಿಕೆ ತಿಂದರೆ ನೆತ್ತಿಗೇರುತ್ತದಲ್ಲ, ಅದನ್ನು ಒಂದೊಂದು ಕಡುಬಿಗೆ ಒಂದೊಂದು ದೊಡ್ಡ ಚಮಚ.

ನೀವು ತಿಳಿದ ಹಾಗೆ ಆಗಲಿಲ್ಲ. ಈ ಮನುಷ್ಯ ಮೊದಲನೇ ಕಡುಬು ಬಾಯಿಗಿಟ್ಟರು. ಅಗಿದರು. ನುಂಗಿದರು. ಎರಡನೆಯದು. ಮುಖದ ಒಂದು ಗೆರೆ ಅಲುಗಲಿಲ್ಲ, ಆದರೆ ಕಣ್ಣಿನಿಂದ ನೀರು ಶುರುವಾಯಿತು. ಧಾರೆ! ಮೀಸೆಯ ಮೇಲಿಂದ ತಟ್ಟೆಗೆ. ಯಜಮಾನನ ಪಾತ್ರದವನು ಕೂಗುವುದನ್ನೇ ಮರೆತ. ಪ್ರೇಕ್ಷಕರು ಎಣಿಸುವುದನ್ನು ನಿಲ್ಲಿಸಿದರು. ಮೂರನೇ ಕಡುಬಿಗೆ ಯಾರೋ ಮೂಗು ಒರೆಸಿದ ಸದ್ದು. ಆರನೆಯದಕ್ಕೆ ಇಡೀ ಸಭೆ, ಮನೆ ಕಳೆದುಕೊಂಡ ಆ ಬಡಪಾಯಿಗಾಗಿ ಬಿಕ್ಕಿ ಬಿಕ್ಕಿ ಅಳುತ್ತಿತ್ತು. ಎರಡು ವರ್ಷ ಇದೇ ದೃಶ್ಯಕ್ಕೆ ಹೊಟ್ಟೆ ಹಿಡಿದು ನಕ್ಕಿದ್ದ ಜನ! ಪರದೆಯ ಹಿಂದೆ ನಾನು ಒಬ್ಬಳೇ ನೆಲದ ಮೇಲೆ ಬಿದ್ದು ಹೊರಳಾಡಿ ನಗುತ್ತಿದ್ದೆ.

ಆ ಸಭೆಯಲ್ಲಿ ಪ್ರಾಗ್‌ನ ಒಬ್ಬ ಚಿತ್ರನಿರ್ದೇಶಕ ಇದ್ದ. ಅತ್ತೆಯನ್ನು ನೋಡಲು ಊರಿಗೆ ಬಂದವನು, ಅತ್ತೆಯಿಂದ ತಪ್ಪಿಸಿಕೊಂಡು ನಾಟಕಕ್ಕೆ ಬಂದಿದ್ದ. ಪರದೆ ಬಿದ್ದದ್ದೇ ಓಡಿಬಂದು ಕ್ಲಿಮೆಶ್ ಅವರ ಎರಡೂ ಕೈ ಹಿಡಿದ. ‘ಸ್ವಾಮಿ, ಇಷ್ಟು ಸದ್ದಿಲ್ಲದೆ ಅಳೋ ಮನುಷ್ಯನ್ನ ನಾನು ಜನ್ಮದಲ್ಲಿ ನೋಡಿಲ್ಲ. ಈ ದುಃಖ ನಿಮಗೆ ಎಲ್ಲಿಂದ ಬರುತ್ತೆ?’ ಇವರು ಏನು ಹೇಳಬೇಕು? ನಾಲಿಗೆ ಸುಟ್ಟು ಹೋಗಿದೆ, ಮಾತೇ ಹೊರಡದು. ತಲೆ ತಗ್ಗಿಸಿ ನಿಂತರು. ಆತ ಅದನ್ನು ವಿನಯ ಎಂದುಕೊಂಡ.

ಮುಂದಿನದನ್ನು ಇಡೀ ದೇಶ ಬಲ್ಲದು. ನಲವತ್ಮೂರು ಚಿತ್ರ. ಅದರಲ್ಲಿ ಮೂವತ್ತೊಂಬತ್ತರಲ್ಲಿ ಅಳು. ನಾಯಿ ಸತ್ತ ಕಾವಲುಗಾರ, ಮಗಳನ್ನು ಮದುವೆ ಮಾಡಿ ಕಳಿಸುವ ಅಪ್ಪ, ಕೊನೆಯ ರೈಲಿಗೆ ಬಾವುಟ ತೋರಿಸುವ ಸ್ಟೇಷನ್ ಮಾಸ್ತರ, ನಾಲ್ಕು ಸಲ ವಿಧುರ. ಕ್ರಿಸ್‌ಮಸ್ ಸಂಜೆ ಟಿವಿ ಮುಂದೆ ಕೂತು ಇವರ ಜೊತೆ ಅಳದೇ ಇದ್ದವರು ಇಲ್ಲಿ ಯಾರಾದರೂ ಇದ್ದರೆ ಕೈ ಎತ್ತಿ. ನೋಡಿದಿರಾ, ಪುರಾಧ್ಯಕ್ಷರೂ ಎತ್ತಲಿಲ್ಲ.

ಈಗ ಆಣೆ ಮುರಿಯುತ್ತೇನೆ, ಕೇಳಿ. ಲುಬೋರ್ ಕ್ಲಿಮೆಶ್ ಅವರಿಗೆ ಅಳಲು ಬರುವುದಿಲ್ಲ.

ಬರುವುದೇ ಇಲ್ಲ. ಚಿಕ್ಕಂದಿನಿಂದಲೂ ಇಲ್ಲವಂತೆ. ಅವರಪ್ಪ ಬೆಲ್ಟಿನಲ್ಲಿ ಹೊಡೆದಾಗಲೂ ಬರಲಿಲ್ಲ, ಅದಕ್ಕೇ ಇನ್ನೆರಡು ಬಿತ್ತಂತೆ. ಮೊದಲನೇ ಚಿತ್ರೀಕರಣದ ಹಿಂದಿನ ವಾರ ನನ್ನ ಸಾಮಾನಿನ ಕೋಣೆಗೆ ಬಂದು ಬಾಗಿಲು ಹಾಕಿಕೊಂಡರು. ‘ಯಾರ್ಮಿಲಾ, ನೀನೇ ಮಾಡಿದ್ದು, ನೀನೇ ಅನುಭವಿಸು. ಇನ್ನೂ ಇದೆಯೇನೇ ಆ ಬೇರು?’

ಮೂವತ್ತೊಂಬತ್ತು ಚಿತ್ರಕ್ಕೂ ಖಾರಮೂಲಂಗಿ ಹೋದದ್ದು ನನ್ನ ಬೇಲಿಯಿಂದ, ಸ್ವಾಮಿ! ತುರಿದು ಇಟ್ಟರೆ ಅದರ ಖಾರ ಹೋಗುತ್ತದೆ. ಅದಕ್ಕೇ ಇಡೀ ಬೇರನ್ನೇ ಪೊಟ್ಟಣ ಕಟ್ಟಿ ಕಳಿಸುತ್ತಿದ್ದೆ. ಇವರು ಅಲ್ಲಿ ಶೌಚಾಲಯದಲ್ಲಿ ನಿಂತು ಉಗುರಿನ ಅರದಲ್ಲಿ ತುರಿದು, ಕರವಸ್ತ್ರದಲ್ಲಿ ಸುತ್ತಿಕೊಂಡು, ದೃಶ್ಯಕ್ಕೆ ಮುಂಚೆ ಒಮ್ಮೆ ಮೂಸುತ್ತಿದ್ದರು. ಒಂದು ಚಿತ್ರದಲ್ಲಿ ಎಡಗಣ್ಣಿನಿಂದ ಮಾತ್ರ ಅತ್ತದ್ದಕ್ಕೆ ಬಹುಮಾನ ಬಂತು, ನೆನಪಿದೆಯೇ? ನೆಗಡಿಯಾಗಿ ಬಲಗಡೆ ಮೂಗು ಕಟ್ಟಿತ್ತು. ಒಬ್ಬ ವಿಮರ್ಶಕರು ಪತ್ರಿಕೆಯಲ್ಲಿ ಬರೆದರು, ‘ಕ್ಲಿಮೆಶ್ ಅವರ ದುಃಖ ನಮ್ಮ ನೆಲದ ಆಳದಿಂದ ಎದ್ದು ಬರುತ್ತದೆ’ ಎಂದು. ಅದೊಂದು ವಿಮರ್ಶೆಯನ್ನು ನಾನು ಕತ್ತರಿಸಿ ಅಡುಗೆಮನೆಯಲ್ಲಿ ಅಂಟಿಸಿಕೊಂಡಿದ್ದೇನೆ. ಅಗೆದು ತೆಗೆದವಳು ನಾನಲ್ಲವೇ?

ಪ್ರಾಗ್‌ನ ಗಣ್ಯರು ಯಾಕೋ ಒಬ್ಬರ ಮುಖ ಒಬ್ಬರು ನೋಡುತ್ತಿದ್ದಾರೆ. ಬಹುಮಾನ ವಾಪಸ್ ಕೇಳುವುದಾದರೆ ನನ್ನನ್ನು ಕೇಳಿ. ಇವರು ಅದನ್ನು ನನಗೇ ಕೊಟ್ಟುಬಿಟ್ಟರು, ನಮ್ಮ ಮನೆಯ ಬಾಗಿಲು ಮುಚ್ಚಿಕೊಳ್ಳದ ಹಾಗೆ ಒತ್ತಾಗಿ ಇಟ್ಟಿದ್ದೇನೆ.

ಈ ಗುಟ್ಟು ಗೊತ್ತಿದ್ದ ಮೂರನೆಯವರು ಒಬ್ಬರೇ. ವ್ಲಾಸ್ತಾ, ಕ್ಲಿಮೆಶ್ ಅವರ ಹೆಂಡತಿ. ಅಂಚೆಕಚೇರಿಯ ಎರಡನೇ ಕಿಟಕಿಯಲ್ಲಿ ಕೂರುತ್ತಿದ್ದವರು, ನಿಮ್ಮೆಲ್ಲರ ಪಿಂಚಣಿ ಎಣಿಸಿ ಕೊಟ್ಟವರು. ನನ್ನ ಪೊಟ್ಟಣ ಹೋಗುತ್ತಿದ್ದುದೂ ಅದೇ ಕಿಟಕಿಯಿಂದ. ತೂಕಕ್ಕೆ ಇಟ್ಟು, ಕನ್ನಡಕದ ಮೇಲಿಂದ ನನ್ನ ನೋಡಿ ಕೇಳುತ್ತಿದ್ದರು. ‘ಒಳಗೆ ಏನಿದೆ ಅಂತ ಬರೀಲಿ, ಯಾರ್ಮಿಲಾ? ತರಕಾರಿ ಅಂತಲೋ, ನಮ್ಮ ಯಜಮಾನ್ರ ಪ್ರತಿಭೆ ಅಂತಲೋ?’ ಹಿಂದೆ ಸಾಲಿನಲ್ಲಿ ನಿಂತವರಿಗೆ ನಾವಿಬ್ಬರೂ ಯಾಕೆ ನಗುತ್ತೇವೆ ಎಂದೇ ತಿಳಿಯುತ್ತಿರಲಿಲ್ಲ. ಚಿತ್ರೀಕರಣದಿಂದ ಗಂಡ ಬಂದರೆ ಬಾಗಿಲಲ್ಲೇ ನಿಲ್ಲಿಸುತ್ತಿದ್ದರಂತೆ. ‘ಮೊದ್ಲು ಹೋಗಿ ಮೂಗು ತೊಳ್ಕೊಳ್ಳಿ. ದೇಶಕ್ಕೆ ಅತ್ತಿದ್ದು ಸಾಕು.’

ನಿಮಗೆ ನೆನಪಿರಬಹುದು, ಇಲ್ಲಿನ ಚಿತ್ರಮಂದಿರಕ್ಕೆ ಆ ಸ್ಟೇಷನ್ ಮಾಸ್ತರನ ಚಿತ್ರ ಬಂದಾಗ, ಎಲ್ಲರೂ ಕರವಸ್ತ್ರ ಹಿಡಿದಿದ್ದ ಹೊತ್ತಿನಲ್ಲಿ ವ್ಲಾಸ್ತಾ ಜೋರಾಗಿ ನಕ್ಕುಬಿಟ್ಟರು. ಊರು ಆವತ್ತೇ ತೀರ್ಮಾನ ಮಾಡಿತು, ‘ಆ ಹೆಂಗಸಿಗೆ ಎದೆ ಅನ್ನೋದೇ ಇಲ್ಲ’ ಅಂತ. ಎದೆ ಇತ್ತು, ಸಭಿಕರೇ. ಆ ದೃಶ್ಯದಲ್ಲಿ ಸ್ಟೇಷನ್ ಮಾಸ್ತರನ ಮೀಸೆಯಲ್ಲಿ ನನ್ನ ಮೂಲಂಗಿಯ ಒಂದು ತುಣುಕೂ ಇತ್ತು. ಅದನ್ನು ನೋಡಿದವರು ಅವರೊಬ್ಬರೇ.

ವ್ಲಾಸ್ತಾ ತೀರಿಕೊಂಡು ಹನ್ನೊಂದು ವರ್ಷವಾಯಿತು. ಮಾರ್ಚ್ ತಿಂಗಳು, ಸ್ಮಶಾನದ ದಾರಿಯಲ್ಲಿ ಕೆಸರು. ಸಾವಿನ ಸೂಚನೆ ಇನ್ನೂ ಗೋಡೆಗೆ ಅಂಟಿಸಿರಲಿಲ್ಲ, ಊರೆಲ್ಲ ಹೊಸ ಕೋಟು ಇಸ್ತ್ರಿ ಮಾಡಿಸಿಕೊಂಡಿತ್ತು. ನೀವು ವ್ಲಾಸ್ತಾಗಾಗಿ ಬಂದಿರಿ ಎಂದು ನನಗೆ ಹೇಳಬೇಡಿ. ದೇಶವನ್ನೇ ಅಳಿಸಿದ ಕ್ಲಿಮೆಶ್ ನಿಜವಾದ ಹೆಂಡತಿಗೆ ಹೇಗೆ ಅಳುತ್ತಾರೆ ಎಂದು ನೋಡಲು ಬಂದಿರಿ. ನನಗೆ ಗೊತ್ತಿತ್ತು. ಅದಕ್ಕೇ ಬೆಳಿಗ್ಗೆ ಬೇಲಿಯ ಹಿಂದೆ ಹೋಗಿ, ಹೆಪ್ಪುಗಟ್ಟಿದ ಮಣ್ಣು ಅಗೆದು, ಹೊರಡುವ ಗಳಿಗೆಯಲ್ಲಿ ತುರಿದು, ಬಿಳಿ ಕರವಸ್ತ್ರದಲ್ಲಿ ಕಟ್ಟಿಕೊಂಡು ಹೋದೆ. ಪ್ರಾರ್ಥನೆ ಮುಗಿದು ಎಲ್ಲರೂ ಸಂತಾಪ ಹೇಳಲು ಸಾಲು ನಿಲ್ಲುತ್ತಿದ್ದ ಹೊತ್ತಿಗೆ ಹಿಂದಿನಿಂದ ಅವರ ಕೈಗೆ ತುರುಕಿದೆ. ‘ತಗೊಳ್ಳಿ, ಎಲ್ರೂ ನಿಮ್ಮನ್ನೇ ನೋಡ್ತಿದಾರೆ.’

ಅವರು ಕರವಸ್ತ್ರ ನೋಡಿದರು, ನನ್ನ ನೋಡಿದರು. ಮೆಲ್ಲಗೆ ನನ್ನ ಕೈಗೇ ವಾಪಸ್ ಇಟ್ಟರು. ‘ಬೇಡ ಯಾರ್ಮಿಲಾ. ಅವಳ ಮುಂದೆ ನಾನು ಒಂದು ದಿನವೂ ನಾಟಕ ಆಡಿಲ್ಲ. ಇವತ್ತು ಶುರು ಮಾಡೋದು ಬೇಡ.’

ಅಷ್ಟೇ ಹೇಳಿದ್ದು. ಆಮೇಲೆ ಕೈ ಮುಂದೆ ಚಾಚಿ, ನೆಟ್ಟಗೆ, ಒಣಗಣ್ಣಿನಲ್ಲಿ ನಿಂತರು. ಸಾಲಿನಲ್ಲಿ ಮೊದಲು ಇದ್ದವರು ಚರ್ಚ್ ಗಾಯನ ಮಂಡಳಿಯ ಶ್ರೀಮತಿ ಬೆರ್ಕೋವಾ. ಹೌದು, ನೀವೇ ಅಮ್ಮಾ, ಐದನೇ ಸಾಲಿನಲ್ಲಿ ಹಸಿರು ಟೋಪಿ. ಕ್ಲಿಮೆಶ್ ಅವರ ಮುಖವನ್ನು ಒಂದು ಗಳಿಗೆ ನೋಡಿ ನೀವು ಏನು ಹೇಳಿದಿರಿ? ‘ಸಿನಿಮಾದ ಹೆಂಡ್ತೀರಿಗೆ ಬಕೆಟ್‌ಗಟ್ಟಲೆ, ಕಟ್ಕೊಂಡವಳಿಗೆ ಒಂದು ಹನಿ ಇಲ್ವಲ್ಲಪ್ಪಾ!’ ಎಂದು ಹೇಳಿ, ಕೈ ಕೊಡದೆ ತಿರುಗಿ ಹೋದಿರಿ. ನಿಮ್ಮ ಹಿಂದೆ ಇನ್ನೊಬ್ಬರು. ಅವರ ಹಿಂದೆ ಮತ್ತೊಬ್ಬರು. ಸಾಲು ಕರಗಿತು. ನನಗೆ ಆ ದೃಶ್ಯ ಇವತ್ತಿಗೂ ಸಹಿಸಲಾಗುವುದಿಲ್ಲ. ಇವರು ಚಾಚಿದ ಕೈಯನ್ನು ಯಾವಾಗ ಇಳಿಸಬೇಕು ಎಂದು ಗೊತ್ತಾಗದೆ ಇನ್ನೂ ಸ್ವಲ್ಪ ಹೊತ್ತು ಹಾಗೇ ನಿಂತಿದ್ದರು.

ನಿಮ್ಮನ್ನೂ ನಾನು ಪೂರ್ತಿ ಬೈಯಲಾರೆ. ಬೇಕೆಂದಾಗ ಅಳಬಲ್ಲ ಮನುಷ್ಯ ಎಂದು ನಿಮ್ಮನ್ನು ನಂಬಿಸಿದವರು ಯಾರು? ನಾವೇ. ಆ ಕಡುಬು ನಾನು ಮಾಡದಿದ್ದರೆ ಇವರು ಇದೇ ಊರಿನ ನಗಿಸುವ ಕ್ಲಿಮೆಶ್ ಆಗಿ ಉಳಿಯುತ್ತಿದ್ದರು. ಒಣಗಣ್ಣಿನ ಗಂಡಸರು ಈ ಊರಿನಲ್ಲಿ ಎಷ್ಟು ಮಂದಿ ಹೆಂಡತಿಯರನ್ನು ಮಣ್ಣು ಮಾಡಿಲ್ಲ? ಅವರಿಗೆಲ್ಲ ಕೈ ಕೊಟ್ಟಿರಿ, ಸೂಪು ಕೊಟ್ಟಿರಿ. ಇವರೊಬ್ಬರಿಗೆ ಕೊಡಲಿಲ್ಲ, ಇವರು ತುಂಬಾ ಚೆನ್ನಾಗಿ ಅಭಿನಯಿಸಿದರು ಎಂಬ ಒಂದೇ ಕಾರಣಕ್ಕೆ. ನನಗೆ ಸಿಟ್ಟು ಬಂದಿತ್ತು, ಈಗಲೂ ಇದೆ, ಅರ್ಧ ನನ್ನ ಮೇಲೆಯೇ. ಇವರನ್ನು ಗೌರವ ಪೌರ ಮಾಡುತ್ತೀರಿ, ಬಹಳ ಸಂತೋಷ. ಆದರೆ ಬರೀ ಪೌರನಂತೆ ಮೊದಲು ನೋಡಿಕೊಳ್ಳಬಹುದಿತ್ತು ಎಂದು ನನ್ನ ಅಭಿಪ್ರಾಯ.

ಅಧ್ಯಕ್ಷರು ಗಡಿಯಾರ ನೋಡುತ್ತಿದ್ದಾರೆ. ಏಳು ನಿಮಿಷ ಆಗಲೇ ಹದಿನೈದಾಗಿರಬೇಕು. ಹೊರಗೆ ಮೇಜಿನ ಮೇಲೆ ಮೊಟ್ಟೆ ಹಾಕಿದ ರೊಟ್ಟಿ ತುಣುಕುಗಳು ಒಣಗುತ್ತಿವೆ ಎಂದೂ ಬಲ್ಲೆ. ಮುಗಿಸುತ್ತೇನೆ.

ಬೆರ್ಕೋವಾ ಅಮ್ಮನವರೇ, ಎದ್ದಿರಾ? ಕೋಪ ಮಾಡಿಕೊಳ್ಳಬೇಡಿ, ಹೆಸರು ಹೇಳಿದ್ದಕ್ಕೆ ಕ್ಷಮೆ ಕೇಳುತ್ತೇನೆ. ಬಾಗಿಲು ಆ ಕಡೆ ಇದೆ... ಓ. ಈ ಕಡೆಯೇ ಬರುತ್ತಿದ್ದೀರಿ. ಹುಷಾರು, ಮೈಕಿನ ತಂತಿ ಇದೆ. ಯಾರಾದರೂ ಅವರ ಕೋಲು ಹಿಡಿದುಕೊಳ್ಳಿ.

ಸಭಿಕರೇ, ಹಿಂದೆ ಕೂತವರಿಗೆ ಕಾಣಿಸುವುದಿಲ್ಲ, ನಾನೇ ಹೇಳುತ್ತೇನೆ. ಬೆರ್ಕೋವಾ ಅವರು ಕ್ಲಿಮೆಶ್ ಅವರ ಮುಂದೆ ನಿಂತಿದ್ದಾರೆ. ಕೈಗವಸು ತೆಗೆಯುತ್ತಿದ್ದಾರೆ. ಕೈ ಕೊಟ್ಟರು. ಏನೋ ಹೇಳಿದರು. ನನಗೆ ಇಲ್ಲಿಗೆ ಕೇಳಿಸಿತು. ಅಭಿನಂದನೆ ಹೇಳಲಿಲ್ಲ. ‘ನಿಮ್ಮ ದುಃಖದಲ್ಲಿ ನಾನೂ ಭಾಗಿ’ ಎಂದರು.

ಅವರ ಹಿಂದೆ ಬೇಕರಿಯವರು ನಿಂತಿದ್ದಾರೆ. ದಂತವೈದ್ಯರೂ ಬಂದರು. ನಿಧಾನ, ತಳ್ಳಬೇಡಿ, ಕುರ್ಚಿ ಸರಿಸಿ ದಾರಿ ಮಾಡಿಕೊಳ್ಳಿ. ಅಧ್ಯಕ್ಷರೇ, ನಿಮ್ಮ ಕಾರ್ಯಕ್ರಮ ಪಟ್ಟಿ ಕೆಡಿಸಿದೆ, ಮನ್ನಿಸಬೇಕು. ಏ ಬ್ಯಾಂಡಿನವರೇ! ಇದು ಅಭಿನಂದನೆಯ ಸಾಲು ಎಂದುಕೊಂಡು ಕುಣಿತದ ಪೋಲ್ಕಾ ಶುರು ಮಾಡಿದಿರಲ್ಲ... ಬೇಡ, ಬೇಡ, ನಿಲ್ಲಿಸಬೇಡಿ. ಬಾರಿಸಿ. ನೋಡಿ, ಕ್ಲಿಮೆಶ್ ನಗುತ್ತಿದ್ದಾರೆ. ಒಬ್ಬೊಬ್ಬರಿಗೂ ಕೈ ಕೊಟ್ಟು, ಸಂತಾಪ ಕೇಳಿಸಿಕೊಂಡು, ಪೋಲ್ಕಾಕ್ಕೆ ಕಾಲು ಕುಟ್ಟಿಕೊಂಡು ನಗುತ್ತಿದ್ದಾರೆ! ಐವತ್ತು ವರ್ಷ ಇವರು ನಕ್ಕು ಕೆಟ್ಟದ್ದನ್ನು ನೋಡಬೇಕು ಎಂದು ಕಾದಿದ್ದೆ.

ನನ್ನನ್ನು ಕರೆದ ಪುರಸಭೆಗೆ, ಇಷ್ಟು ಹೊತ್ತು ತಾಳಿಕೊಂಡ ನಿಮಗೆ, ಮೈಕು ಹಿಡಿಸಿದ ಸಂಸ್ಕೃತಿ ವಿಭಾಗದ ಹುಡುಗಿಗೆ ನನ್ನ ಕೃತಜ್ಞತೆಗಳು. ಇನ್ನೂ ಮಾತಾಡಬಹುದಿತ್ತು, ಆದರೆ ಸಾಲು ಉದ್ದವಾಗುತ್ತಿದೆ, ನಾನೂ ಹೋಗಿ ಅದರ ಕೊನೆಯಲ್ಲಿ ನಿಲ್ಲಬೇಕು. ಈಗ ಇಲ್ಲಿ ನಿಂತು ನಿಮ್ಮನ್ನೆಲ್ಲ ಬೈಯುತ್ತಿದ್ದಾಗ ತಟ್ಟನೆ ಹೊಳೆಯಿತು. ಆ ದಿನ ಸ್ಮಶಾನದಲ್ಲಿ ನಾನು ಅವರ ಬೆನ್ನಿಗೇ ನಿಂತಿದ್ದೆ, ಎಲ್ಲರಿಗಿಂತ ಹತ್ತಿರ. ಕೈಗೆ ಕರವಸ್ತ್ರ ತುರುಕುವ ಗಡಿಬಿಡಿಯಲ್ಲಿ ನಾನೂ ಅವರಿಗೆ ಕೈ ಕೊಡಲಿಲ್ಲ.

ನಮಸ್ಕಾರ.